ಹೆಂಡದ ಮರಕ್ಕೆ ಶಿಕ್ಷೆ

ತಪ್ಪು ಮಾಡಿದ ರೈತನಿಂದ ದುಡ್ಡು ಕೀಳಬಾರದು. ಅವನು ಊರ ಮುಂದೆ ಎರಡು ಮಾವಿನ ಸಸಿ, ಎರಡು ಬಾದಾಮಿ ಸಸಿ ನೆಟ್ಟು, ಅವು ಮೂರಡಿ ಎತ್ತರಕ್ಕೆ ಬರುವ ತನಕ ತಾನೇ ನೀರು ಹೊಯ್ದು ಕಾಯಬೇಕು. ಟಿಪ್ಪು ಸುಲ್ತಾನ್ ತನ್ನ ಆಮಿಲರಿಗೆ, ಅಂದರೆ ಕಂದಾಯದ ಅಧಿಕಾರಿಗಳಿಗೆ, ಕೊಟ್ಟ ಕಂದಾಯದ ಕಟ್ಟಳೆಗಳಲ್ಲಿ ಇಂಥದೊಂದು ದಂಡ ಬರುತ್ತದೆ. ಮೂಲ ಪಾರಸಿ. ಬರ್ರಿಷ್ ಕ್ರಿಸ್ಪ್ ಎಂಬಾತ ಅದನ್ನು ಇಂಗ್ಲಿಷಿಗೆ ತಿರುಗಿಸಿ 1792ರಲ್ಲಿ ಕಲ್ಕತ್ತದಲ್ಲಿ ಅಚ್ಚು ಹಾಕಿಸಿದ. ಅದೇ 1792ರ ಫೆಬ್ರವರಿಯಲ್ಲಿ ಲಾರ್ಡ್ ಕಾರ್ನ್‌ವಾಲಿಸ್‌ನ ಸೈನ್ಯ ಶ್ರೀರಂಗಪಟ್ಟಣದ ಕೋಟೆಯೆದುರು ಬೀಡುಬಿಟ್ಟಿತ್ತು. ನುಂಗಲು ಹೊರಟ ಸೀಮೆಯ ಲೆಕ್ಕಪತ್ರವನ್ನು ಕಂಪನಿ ಮೊದಲೇ ಓದಿಕೊಂಡಿತು ಅನ್ನಬೇಕು.

ತಪ್ಪಿಗೆ ಮಾವು ನೆಡಿಸಿದ ಈ ದೊರೆಯೇ ಇನ್ನೊಂದು ಮರವನ್ನು ಕಡಿಸಿ ಹಾಕಿದ. ಅದು ಯಾರೂ ನೆಡದೆ, ಯಾರೂ ನೀರು ಹೊಯ್ಯದೆ ಕೆರೆ ಅಂಗಳದಲ್ಲಿ, ಹಳ್ಳದ ದಂಡೆಯಲ್ಲಿ, ಹೊಲದ ಬದುವಿನಲ್ಲಿ ತಾನಾಗಿ ಏಳುವ ಈಚಲು.

ಈಚಲು ಮರವನ್ನು ಹತ್ತಿರದಿಂದ ನೋಡದವರಿಗೆ ಅದರ ಮೈಮೇಲಿನ ಬರಹ ಗೊತ್ತಿರುವುದಿಲ್ಲ. ತೆಂಗು ತಾಳೆಗಳಲ್ಲಿ ಹೆಂಡ ಇಳಿಯುವುದು ಹೊಂಬಾಳೆಯಿಂದ. ಈಚಲಿನಲ್ಲಿ ಹಾಗಲ್ಲ, ಮರದ ಕಾಂಡವನ್ನೇ ಕೆತ್ತಬೇಕು. ಹೆಂಡ ಕಟ್ಟುವವನು ಸೊಂಟಕ್ಕೆ ಹಗ್ಗ ಸುತ್ತಿಕೊಂಡು ಹತ್ತಿ, ಸುಳಿಯ ಕೆಳಗಿನ ಒಂದು ಪಕ್ಕದ ಗರಿಗಳನ್ನು ಸವರಿ, ಬೆಳ್ಳಗಿನ ಎಳೆಯ ತಿರುಳು ಕಾಣುವಂತೆ ಒರೆದು, ಅಲ್ಲೊಂದು ಕಚ್ಚು ಮಾಡಿ, ಅದರ ತುದಿಗೆ ಮಡಕೆ ಕಟ್ಟಿ ಇಳಿಯುತ್ತಾನೆ. ರಾತ್ರಿಯಿಡೀ ತೊಟ್ಟಿಕ್ಕಿದ್ದು ನಸುಕಿನಲ್ಲಿ ಸಿಹಿನೀರು, ಬಿಸಿಲೇರಿದ ಮೇಲೆ ಹೆಂಡ. ಈ ವರ್ಷ ಮೂಡಲ ಪಕ್ಕ ಕೆತ್ತಿದರೆ ಬರುವ ವರ್ಷ ಪಡುವಲ ಪಕ್ಕ. ಹಾಗಾಗಿ ಕಟ್ಟಿದ ಮರ ನೆಟ್ಟಗೆ ಬೆಳೆಯುವುದಿಲ್ಲ. ಒಂದು ಸಲ ಈ ಕಡೆ, ಒಂದು ಸಲ ಆ ಕಡೆ ಹಲ್ಲುಹಲ್ಲಾಗಿ ಏರುತ್ತದೆ. ಎಷ್ಟು ಕಚ್ಚೋ ಅಷ್ಟು ವರ್ಷ. ನಾಗಮಂಗಲ, ಕೃಷ್ಣರಾಜಪೇಟೆ ಕಡೆಯ ಒಣಭೂಮಿಯಲ್ಲಿ ಇಂಥ ಮರಗಳು ಈಗಲೂ ಅಲ್ಲೊಂದು ಇಲ್ಲೊಂದು ನಿಂತಿವೆ. ಕಾವೇರಿ ನಾಲೆ ಹರಿದ ಶ್ರೀರಂಗಪಟ್ಟಣ, ಪಾಂಡವಪುರದ ಬಯಲಲ್ಲಿ ಗದ್ದೆ, ಕಬ್ಬು ಬಂದು ಅವಕ್ಕೆ ಜಾಗ ಉಳಿದಿಲ್ಲ.

ಈ ಸೀಮೆಯವರು ಶ್ರೀರಂಗಪಟ್ಟಣವನ್ನು ಬರೀ ‘ಪಟ್ಣ’ ಅನ್ನುತ್ತಾರೆ. ನಾನೂ ಬರೀ ಪಟ್ಟಣ ಅಂತಲೇ ಬರೆಯುತ್ತೇನೆ.

ಟಿಪ್ಪುವಿನ ಪಾನನಿಷೇಧ ಒಂದೇ ದಿನ ಬಂದದ್ದಲ್ಲ. ಮೈಸೂರಿನಲ್ಲಿ ರೆಸಿಡೆಂಟ್ ಆಗಿದ್ದ ಮಾರ್ಕ್ ವಿಲ್ಕ್ಸ್ ತನ್ನ ದಕ್ಷಿಣ ಭಾರತದ ಇತಿಹಾಸದಲ್ಲಿ ಅದರ ಮೆಟ್ಟಿಲುಗಳನ್ನು ಹೇಳುತ್ತಾನೆ. ಮೊದಲು ಬಿಳಿ ಗಸಗಸೆ ಮತ್ತು ಭಂಗಿ ಗಿಡಗಳ ಸರದಿ. ಜನರ ಮನೆ ಹಿತ್ತಲಲ್ಲಿದ್ದವನ್ನೂ ಬಿಡದೆ ಕೀಳಿಸಿದರು. ಆಮೇಲೆ ಸಾರಾಯಿ, ಹೆಂಡ. ಕೊನೆಗೆ ಮರಕ್ಕೇ ಕೊಡಲಿ. ವಿಲ್ಕ್ಸ್ ಟಿಪ್ಪುವಿನ ಸ್ನೇಹಿತನೇನಲ್ಲ, ಅವನ ಪುಸ್ತಕದಲ್ಲಿ ಸುಲ್ತಾನನ ಬಗ್ಗೆ ಒಳ್ಳೆ ಮಾತು ಹುಡುಕಿ ತೆಗೆಯಬೇಕು. (ಮುಂದೆ ಆತ ಸೇಂಟ್ ಹೆಲೆನಾ ದ್ವೀಪದ ಗವರ್ನರ್ ಆಗಿದ್ದಾಗ ನೆಪೋಲಿಯನ್ ಅಲ್ಲಿಗೆ ಸೆರೆಯಾಳಾಗಿ ಬಂದಿಳಿದ. ಪಟ್ಟಣದ ಕಥೆ ಬರೆದವನ ಕಣ್ಣೆದುರಿಗೆ ಇನ್ನೊಬ್ಬ ಸೋತ ದೊರೆ.) ಆದರೂ ಈ ಒಂದು ವಿಷಯದಲ್ಲಿ, ದೊಡ್ಡ ವರಮಾನವೊಂದನ್ನು ಟಿಪ್ಪು ಕೈಯಾರೆ ಬಿಟ್ಟುಕೊಟ್ಟ ಎಂದು ವಿಲ್ಕ್ಸ್ ಒಪ್ಪಿಕೊಳ್ಳಬೇಕಾಯಿತು. 1787ರಲ್ಲಿ ಟಿಪ್ಪು ತನ್ನ ದಿವಾನ ಮೀರ್ ಸಾದಿಕ್‌ಗೆ ಬರೆದದ್ದೆಂದು ಹೇಳುವ ಟಿಪ್ಪಣಿಯೊಂದರ ಸಾರವೂ ಇದೇ. ಬೊಕ್ಕಸಕ್ಕೆ ಆಗುವ ನಷ್ಟ ನೋಡಿ ಹಿಂಜರಿಯಬೇಡ, ಪ್ರಜೆಗಳ ಆರೋಗ್ಯ ಮತ್ತು ನಡತೆಗಿಂತ ಖಜಾನೆ ದೊಡ್ಡದಲ್ಲ ಎಂಬ ಅರ್ಥದ ಮಾತು.

ಮಾತು ಚೆನ್ನಾಗಿದೆ. ಆದರೆ ಹೆಂಡ ಇಳಿಸುವವನ ಗತಿ? ಟಿಪ್ಪುವಿನ ಕಾಗದಗಳನ್ನು ವಿಲಿಯಂ ಕರ್ಕ್‌ಪ್ಯಾಟ್ರಿಕ್ 1811ರಲ್ಲಿ ಪ್ರಕಟಿಸಿದ. ಭಟ್ಟಿ ಇಳಿಸುವವರಿಂದ ಇನ್ನು ಮುಂದೆ ಈ ಕಸುಬು ಮಾಡುವುದಿಲ್ಲ ಎಂದು ಮುಚ್ಚಳಿಕೆ ಬರೆಸಿಕೊಳ್ಳಿ, ಬೇರೆ ಕೆಲಸಕ್ಕೆ ಹಚ್ಚಿ ಎಂಬ ತಾಕೀತು ಆ ಕಾಗದಗಳಲ್ಲಿ ಸಿಗುತ್ತದೆ. ಯಾವ ಕೆಲಸ, ಯಾರ ಜಮೀನು, ಯಾರ ಬಂಡವಾಳ ಅನ್ನುವುದಕ್ಕೆ ಅದರಲ್ಲಿ ಜಾಗವಿಲ್ಲ. ಮುಚ್ಚಳಿಕೆ ಅನ್ನುವ ಪದ ಮಾತ್ರ ಇನ್ನೂರ ಮೂವತ್ತು ವರ್ಷ ಸವೆಯದೆ ಬಂದಿದೆ. ನಮ್ಮ ಪೊಲೀಸ್ ಠಾಣೆಗಳಲ್ಲಿ ಇವತ್ತಿಗೂ ‘ಮುಚ್ಚಳಿಕೆ ಬರೆಸಿಕೊಂಡು ಬಿಟ್ಟರು’ ಅನ್ನುತ್ತಾರೆ. ಹೆಂಡ ಇಳಿಸುವ ಈಡಿಗರ ಕೇರಿಯಲ್ಲಿ ಆ ಕಾಗದಕ್ಕೆ ಹೆಬ್ಬೆಟ್ಟು ಒತ್ತಿದವರು ಯಾರು, ಆಮೇಲೆ ಎಲ್ಲಿಗೆ ಹೋದರು ಅನ್ನುವುದನ್ನು ಬರೆದಿಡಲು ಯಾವ ಕರ್ನಲ್ಲನೂ ಹೋಗಲಿಲ್ಲ.

ಕಾನೂನಿಗೆ ಒಂದು ವಿನಾಯಿತಿಯೂ ಇತ್ತು. ಸುಲ್ತಾನನ ಚಾಕರಿಯಲ್ಲಿದ್ದ ಫ್ರೆಂಚ್ ಸಿಪಾಯಿಗಳಿಗೆ ತಮ್ಮ ದಂಡಿನೊಳಗೆ ಒಂದು ಮದ್ಯದ ಅಂಗಡಿ ಇಟ್ಟುಕೊಳ್ಳಲು ಅಪ್ಪಣೆಯಾಯಿತು. ಮಾರಾಟ ಪರದೇಶಿಯರಿಗೆ ಮಾತ್ರ. ಪಟ್ಟಣದ ಉತ್ತರಕ್ಕೆ ಎದ್ದು ನಿಂತ ಬಂಡೆಗುಡ್ಡಗಳ ಪಕ್ಕದ ಹಿರೋಡೆಯಲ್ಲಿ ಫ್ರೆಂಚರು ಬೀಡುಬಿಟ್ಟಿದ್ದರಿಂದ ಆ ಜಾಗಕ್ಕೆ ಫ್ರೆಂಚ್ ರಾಕ್ಸ್ ಅಂತಲೇ ಹೆಸರಾಯಿತು. ಅದೇ ಇವತ್ತಿನ ಪಾಂಡವಪುರ. ಪಾಂಡವರು ಕುಂತಿಬೆಟ್ಟಕ್ಕೆ ಬಂದಿದ್ದರು ಎಂಬ ಕಥೆ ಊರಿನ ಹೆಸರಿಗೆ ಅಂಟಿಕೊಂಡಿತು, ಫ್ರೆಂಚರು ಬಂದಿದ್ದರು ಎಂಬ ಚರಿತ್ರೆ ಹಳೇ ನಕಾಶೆಗೆ ಹೋಯಿತು. ಕುಡಿತ ಪಾಪ, ಆದರೆ ತೋಪು ಹಾರಿಸುವವನು ಕುಡಿದರೆ ಪರವಾಗಿಲ್ಲ. ಆಮೇಲೆ ಬಂದ ಸರಕಾರಗಳೂ ಈ ಒಳಬಾಗಿಲನ್ನು ಒಂದಲ್ಲ ಒಂದು ರೀತಿಯಲ್ಲಿ ತೆರೆದಿಟ್ಟುಕೊಂಡವು. ಮಿಲಿಟರಿ ಕ್ಯಾಂಟೀನಿನ ಬಾಟ್ಲಿಗೆ ನಮ್ಮ ಹಳ್ಳಿಗಳಲ್ಲಿರುವ ಮರ್ಯಾದೆ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಅದೇ ಹೊತ್ತಿಗೆ ಬಂಗಾಳದಲ್ಲಿ ಏನು ನಡೆದಿತ್ತು ನೋಡಿ. 1773ರಲ್ಲಿ ವಾರನ್ ಹೇಸ್ಟಿಂಗ್ಸ್ ಅಫೀಮನ್ನು ಕಂಪನಿಯ ಏಕಸ್ವಾಮ್ಯಕ್ಕೆ ತಂದಿದ್ದ. ಬಿಹಾರದ ರೈತನ ಗಸಗಸೆ ಗಿಡದ ಹಾಲು ಕಂಪನಿಗೇ ಸೇರಬೇಕು. ಕಲ್ಕತ್ತದಲ್ಲಿ ಹರಾಜಾದ ಪೆಟ್ಟಿಗೆಗಳು ಚೀನಾಕ್ಕೆ ಹೋಗಬೇಕು. ಹೀಗೆ ಪಟ್ಟಣದಲ್ಲಿ ಒಬ್ಬ ಗಸಗಸೆ ಕೀಳಿಸುತ್ತಿದ್ದಾಗ ಪಟ್ನಾದಲ್ಲಿ ಇನ್ನೊಬ್ಬರು ಅದನ್ನೇ ಬಿತ್ತಿಸುತ್ತಿದ್ದರು. ಯುದ್ಧದಲ್ಲಿ ಗೆದ್ದದ್ದು ಬಿತ್ತಿಸಿದವರು. ಬಿತ್ತಿದ್ದರಿಂದಲೇ ಗೆದ್ದರು ಎಂದು ನಾನು ಹೇಳುವುದಿಲ್ಲ. ಆದರೆ ಒಂದು ಕಡೆ ಮಾದಕದ ವರಮಾನ ಬಿಟ್ಟ ರಾಜ್ಯ, ಇನ್ನೊಂದು ಕಡೆ ಅದರ ಮೇಲೇ ನಿಂತ ರಾಜ್ಯ. ಎರಡೂ ಎದುರುಬದುರಾದದ್ದು ಪಟ್ಟಣವೆಂಬ ಕಾವೇರಿಯ ಈ ದ್ವೀಪದಲ್ಲಿ.

ಇಷ್ಟು ಓದಿ ಟಿಪ್ಪುವನ್ನು ಗಾಂಧಿಗೆ ಮೊದಲೇ ಹುಟ್ಟಿದ ಗಾಂಧಿವಾದಿ ಮಾಡುವವರಿದ್ದಾರೆ. ಅವರು ಒಮ್ಮೆ ಪಟ್ಟಣದ ರಂಗನಾಥಸ್ವಾಮಿ ಗುಡಿಯಿಂದ ಉತ್ತರಕ್ಕೆ, ಹೊಳೆ ಕಡೆ ನಡೆದು ಹೋಗಬೇಕು. ಅಲ್ಲಿ ಕೋಟೆಗೋಡೆಯ ಮಗ್ಗುಲಲ್ಲಿ, ನೆಲದ ಮಟ್ಟಕ್ಕಿಂತ ಕೆಳಗೆ, ಇಟ್ಟಿಗೆ ಗಾರೆಯ ಕಮಾನಿನ ಒಂದು ಸಾಲುಮನೆ ಇದೆ. ನೂರಡಿ ಉದ್ದ, ನಲವತ್ತಡಿ ಅಗಲ. ಗೋಡೆಗುಂಟ ಕಲ್ಲುಚಪ್ಪಡಿಗಳು ಆಚೆ ಚಾಚಿಕೊಂಡಿವೆ, ಅವುಗಳಲ್ಲಿ ತೂತು. ಆ ತೂತುಗಳಿಗೆ ಸರಪಳಿ ಪೋಣಿಸಿ ಸೆರೆಯಾಳಿನ ಕೈ ಬಿಗಿಯುತ್ತಿದ್ದರು. ಪ್ರವಾಸಕ್ಕೆ ಬಂದ ಶಾಲೆ ಹುಡುಗರು ಸರದಿಯ ಮೇಲೆ ಅಲ್ಲಿ ಕೈಚಾಚಿ ನಿಂತು ಫೋಟೋ ತೆಗೆಸಿಕೊಳ್ಳುತ್ತಾರೆ. ಚಾವಣಿ ತೂತಾಗಿ ಒಳಗೆ ಬಿದ್ದ ತೋಪೊಂದು ಅಲ್ಲೇ ಮಲಗಿದೆ. 1780ರ ಸೆಪ್ಟೆಂಬರ್ 10ರಂದು ಪೊಳ್ಳಿಲೂರಿನಲ್ಲಿ ಸೋತು ಸೆರೆಸಿಕ್ಕ ಕರ್ನಲ್ ಬೈಲಿ 1782ರಲ್ಲಿ ಪಟ್ಟಣದಲ್ಲೇ ಸತ್ತ. ಅವನ ಹೆಸರೇ ಆ ಜಾಗಕ್ಕೆ ಉಳಿದಿದೆ. ಜೊತೆಗೆ ಸಿಕ್ಕಿದ್ದ ಡೇವಿಡ್ ಬೇರ್ಡ್ 1784ರ ಮಂಗಳೂರು ಒಪ್ಪಂದದ ತನಕ ಇಲ್ಲೇ ಬೇಡಿಯಲ್ಲಿದ್ದ. ಹದಿನೈದು ವರ್ಷ ಬಿಟ್ಟು, 1799ರ ಮೇ 4ರಂದು, ಕೋಟೆಯ ಮೇಲೆ ಏರಿಬಂದ ದಂಡಿನ ಮುಂದಾಳು ಅವನೇ.

ಬಿಳಿಯರ ಸೆರೆಮನೆಗೆ ಬೋರ್ಡಿದೆ, ಪುಸ್ತಕಗಳಿವೆ. ಇಲ್ಲಿಯವರ ಸೆರೆಗೆ ಅಷ್ಟಿಲ್ಲ. 1783ರಲ್ಲಿ ಪಟ್ಟಣದಲ್ಲೇ ಒಂದು ಪಿತೂರಿ ಬಯಲಾಯಿತು. ಅದರಲ್ಲಿ ಸಿಕ್ಕಿಬಿದ್ದವರಲ್ಲಿ ಅಂಚೆ ಶಾಮಯ್ಯ ಒಬ್ಬ. ಅಂಚೆಯೂ ಪೊಲೀಸೂ ಅವನ ಕೈಯಲ್ಲೇ ಇದ್ದ ಕಾಲವದು, ಟಿಪ್ಪುವಿನ ಅಪ್ಪ ಹೈದರನ ಆಳ್ವಿಕೆಯಲ್ಲಿ ಜನ ಅವನ ಹೆಸರಿಗೇ ನಡುಗುತ್ತಿದ್ದರಂತೆ. ಇತರರನ್ನು ಹಿಡಿದು ಹಿಂಡುತ್ತಿದ್ದವನನ್ನೇ ಕಬ್ಬಿಣದ ಪಂಜರಕ್ಕೆ ಹಾಕಿದರು ಎಂದು ವಿಲ್ಕ್ಸ್ ಬರೆಯುತ್ತಾನೆ. ವಿಚಾರಣೆ, ಸಾಕ್ಷಿ, ಮೇಲ್ಮನವಿ ಅಂತ ನಾವು ಇವತ್ತು ಕೇಳುವುದು ಯಾವುದೂ ಆ ಕಥೆಯಲ್ಲಿ ಬರುವುದಿಲ್ಲ. 1784ರಲ್ಲಿ ಕರಾವಳಿಯ ಕ್ರೈಸ್ತರನ್ನು ಘಟ್ಟ ಹತ್ತಿಸಿ ಇಲ್ಲಿಗೆ ತಂದರು. ಕೊಡಗಿನವರನ್ನು ತಂದರು. ಮೇಲುಕೋಟೆಯ ಮಂಡ್ಯಂ ಅಯ್ಯಂಗಾರ್ ಮನೆಗಳಲ್ಲಿ ನರಕ ಚತುರ್ದಶಿ ಇವತ್ತಿಗೂ ಹಬ್ಬವಲ್ಲ. ಆ ದಿನ ತಮ್ಮವರನ್ನು ಟಿಪ್ಪು ಕೊಲ್ಲಿಸಿದ ಎಂಬ ನೆನಪನ್ನು ಅವರು ತಲೆಮಾರಿನಿಂದ ತಲೆಮಾರಿಗೆ ದಾಟಿಸಿದ್ದಾರೆ. ಈ ನೆನಪಿನ ಬಗ್ಗೆ ಇತಿಹಾಸಕಾರರಲ್ಲಿ ಜಗಳವಿದೆ. ಹಬ್ಬ ಮಾಡದ ಮನೆಯ ಕತ್ತಲಿಗೆ ಜಗಳವಿಲ್ಲ.

ದ್ವೀಪದ ಮೂಡಲ ತುದಿಯ ಗಂಜಾಂ ಕೂಡ ಹೀಗೇ ಕಟ್ಟಿದ್ದು. ಶಿರಾದಿಂದ ಹನ್ನೆರಡು ಸಾವಿರ ಮನೆತನಗಳನ್ನು ಎಬ್ಬಿಸಿ ತಂದು ಅಲ್ಲಿ ಕೂರಿಸಿದರು ಎಂದು ಗೆಜೆಟಿಯರ್ ಹೇಳುತ್ತದೆ. (ಊರಿನ ಹೆಸರಿಗೂ ಗಾಂಜಾಕ್ಕೂ ನಂಟಿಲ್ಲ. ಗಂಜಾಂ ಹೆಸರಾದದ್ದು ಅಂಜೂರಕ್ಕೆ.) ಮರ ಕೀಳುವುದು, ಮರ ನೆಡುವುದು, ಜನರನ್ನು ಕೀಳುವುದು, ಜನರನ್ನು ನೆಡುವುದು. ಎಲ್ಲ ಒಂದೇ ಕೈಯ ಕೆಲಸ. ಪ್ರಜೆಗೆ ಏನು ಒಳ್ಳೆಯದು ಅನ್ನುವುದು ಪ್ರಜೆಗಿಂತ ತನಗೆ ಚೆನ್ನಾಗಿ ಗೊತ್ತು ಎಂದುಕೊಂಡ ಕೈ ಅದು. ಪಾನನಿಷೇಧವನ್ನೂ ಪಂಜರವನ್ನೂ ಬೇರೆಬೇರೆ ಕಪಾಟಿನಲ್ಲಿಟ್ಟು ನೋಡಿದರೆ ಟಿಪ್ಪು ಅರ್ಥವಾಗುವುದಿಲ್ಲ ಎಂದು ನನಗೆ ಅನ್ನಿಸುತ್ತದೆ.

ಸುಲ್ತಾನ ಕಡಿಸದೆ ಬಿಟ್ಟ ಮರಗಳನ್ನು ಶತ್ರುಗಳು ಕಡಿದರು. ಮೂರನೇ ಮೈಸೂರು ಯುದ್ಧದಲ್ಲಿ ಕಾರ್ನ್‌ವಾಲಿಸ್‌ಗೆ ನೆರವಾಗಿ ಬಂದ ಪರಶುರಾಮ ಭಾವೆಯ ಮರಾಠಾ ದಂಡು ನಾಗಮಂಗಲವನ್ನು ಸುಟ್ಟಿತು. ಊರ ಸುತ್ತಿನ ತೆಂಗು ತಾಳೆಗಳ ತೋಪುಗಳನ್ನೂ ಉಳಿಸಲಿಲ್ಲ. ಹೆಂಡದ ಮೇಲಿನ ಸಿಟ್ಟಿಗಲ್ಲ, ಹೊಟ್ಟೆಯ ಮೇಲೆ ಹೊಡೆಯಲು. 1792ರ ಮಾರ್ಚ್ 18ರ ಒಪ್ಪಂದದಲ್ಲಿ ಅರ್ಧ ರಾಜ್ಯ ಹೋಯಿತು. ಮೂರು ಕೋಟಿ ಮೂವತ್ತು ಲಕ್ಷ ರೂಪಾಯಿ ದಂಡ ಬಿತ್ತು. ಅದಕ್ಕೆ ಅಡವಾಗಿ ಟಿಪ್ಪುವಿನ ಇಬ್ಬರು ಗಂಡುಮಕ್ಕಳು ಒತ್ತೆಯಾಳುಗಳಾಗಿ ಮದರಾಸಿಗೆ ಹೋದರು. ದಂಡವೆಂದರೆ ಎರಡು ಮಾವು, ಎರಡು ಬಾದಾಮಿ ಎಂದು ಬರೆಸಿದ್ದ ದೊರೆಗೆ ಕಾರ್ನ್‌ವಾಲಿಸ್ ಹಾಕಿದ ದಂಡವಿದು.

1799ರ ಮೇ 4ರ ಮಧ್ಯಾಹ್ನ ಕೋಟೆ ಬಿತ್ತು. ಆ ರಾತ್ರಿ ಪಟ್ಟಣ ಕಂಡದ್ದು ಸುಲಿಗೆ. ದಿನದ ಪಡಿಯಲ್ಲೇ ಸಾರಾಯಿ ಎಣಿಸಿಕೊಂಡು ಬಂದ ಸೈನ್ಯವದು. ಮರುದಿನ ಉಸ್ತುವಾರಿ ಕರ್ನಲ್ ಆರ್ಥರ್ ವೆಲ್ಲೆಸ್ಲಿಯ ಕೈಗೆ ಬಂತು. ಮುಂದೆ ವಾಟರ್‌ಲೂನಲ್ಲಿ ನೆಪೋಲಿಯನ್‌ನನ್ನು ಸೋಲಿಸಿದವನು ಇವನೇ. ಅವನು ತನ್ನದೇ ಕಡೆಯ ನಾಲ್ವರು ಸುಲಿಗೆಕೋರರನ್ನು ನೇಣಿಗೆ ಹಾಕಿಸಿ, ಹಲವರಿಗೆ ಛಡಿ ಕೊಡಿಸಿ ಊರನ್ನು ತಹಬಂದಿಗೆ ತಂದ. ಆ ಗಲಾಟೆಯಲ್ಲಿ ಪಟ್ಟಣದ ಸೆರೆಮನೆಯ ಬಾಗಿಲೂ ತೆರೆದುಕೊಂಡಿತು. ಹೊರಬಿದ್ದವರಲ್ಲಿ ಧೋಂಡಿಯ ವಾಘನೂ ಇದ್ದ. ಟಿಪ್ಪು ಹಿಡಿದಿಟ್ಟಿದ್ದ ಈ ಕೈದಿ ದಂಡು ಕಟ್ಟಿ ಕಂಪನಿಯನ್ನು ಒಂದು ವರ್ಷಕ್ಕೂ ಹೆಚ್ಚು ಕಾಲ ಓಡಾಡಿಸಿದ. 1800ರ ಸೆಪ್ಟೆಂಬರ್ 10ರಂದು ಕೋಣಗಲ್ಲಿನಲ್ಲಿ ವೆಲ್ಲೆಸ್ಲಿಯ ಎದುರು ಬಿದ್ದ. ಪೊಳ್ಳಿಲೂರು ನಡೆದದ್ದೂ ಸೆಪ್ಟೆಂಬರ್ 10. ಇದರಲ್ಲಿ ಅರ್ಥ ಹುಡುಕಬೇಕಾಗಿಲ್ಲ, ನೋಡಿ ಸುಮ್ಮನಾಗಬಹುದು.

*

ಅಬಕಾರಿ ಅನ್ನುವುದು ಪಾರಸಿ ಮಾತು. ಆಬ್ ಅಂದರೆ ನೀರು. ನೀರಿನ ಕಸುಬು ಅಂತ ಹಗುರವಾಗಿ ಹೆಸರಿಟ್ಟು ಭಾರವಾಗಿ ವಸೂಲು ಮಾಡುವ ಬಾಬು. ಟಿಪ್ಪುವಿನ ನಂತರ ಅದು ಮತ್ತೆ ಲೆಕ್ಕದ ಪುಸ್ತಕಕ್ಕೆ ಬಂದು ಕೂತಿತು. ಪಟ್ಟಣದ ದ್ವೀಪ ಕಾಗದದ ಮೇಲೆ ಇಂಗ್ಲಿಷರದು. ವರ್ಷಕ್ಕೆ ಐವತ್ತು ಸಾವಿರ ರೂಪಾಯಿ ಗುತ್ತಿಗೆ ಕಟ್ಟಿಕೊಂಡು ಮೈಸೂರು ನೋಡಿಕೊಳ್ಳುತ್ತಿತ್ತು. 1881ರಲ್ಲಿ ಒಡೆಯರಿಗೆ ರಾಜ್ಯ ಮರಳಿದಾಗ ಬೆಂಗಳೂರಿನ ದಂಡುಪ್ರದೇಶಕ್ಕೆ ಬದಲಾಗಿ ಈ ದ್ವೀಪ ಅವರಿಗೆ ಬಂತು. ನಡುವೆ ಐವತ್ತು ವರ್ಷದ ಕಮಿಷನರ್ ಆಡಳಿತ. ಆಗ ಕಮಿಷನರ್ ಆಗಿದ್ದ ಮಾರ್ಕ್ ಕಬ್ಬನ್ 769 ಬಿಡಿಬಾಬುಗಳ ತೆರಿಗೆ ರದ್ದು ಮಾಡಿದ ಎಂದು ಹೊಗಳಿಕೆ. ಮದುವೆಗೆ ತೆರಿಗೆ, ಹೆರಿಗೆಗೆ ತೆರಿಗೆ ಮುಂತಾದ ಕಿರುಕುಳಗಳೆಲ್ಲ ಹೋದವು. ಅಬಕಾರಿ ಮಾತ್ರ ಹೋಗಲಿಲ್ಲ.

ಕಾಡಿನಂತೆ ಈಚಲಿಗೂ ಸರಕಾರದ ಬೇಲಿ ಬಿತ್ತು. ಈಚಲುವನಗಳು ಅಂತ ಗುರುತು ಮಾಡಿ, ಯಾವ ಮರ ಕಟ್ಟಬಹುದು, ಎಷ್ಟು ಮರ, ಯಾರು, ಯಾವ ಅಂಗಡಿಗೆ ಎಂಬುದನ್ನೆಲ್ಲ ಗೊತ್ತುಮಾಡಿದರು. ಅಂಗಡಿಗಳು ಹರಾಜಾಗುತ್ತಿದ್ದವು. ಹರಾಜು ಹಿಡಿದವನು ಸಾಹುಕಾರ, ಮರ ಹತ್ತುವವನು ಅವನ ಆಳು. ಟಿಪ್ಪುವಿನ ಕಾಲದಲ್ಲಿ ಹೆಂಡ ಇಳಿಸುವುದು ಅಪರಾಧ. ಈಗ ಪರವಾನಗಿ ಇಲ್ಲದೆ ಇಳಿಸುವುದು ಅಪರಾಧ. ಮರದ ಮೇಲೆ ಇದ್ದವನಿಗೆ ಎರಡರಲ್ಲೂ ಕೆಳಗೆ ಕಾಯುತ್ತಿದ್ದವರು ಒಬ್ಬರೇ.

ಭಂಗಿಯ ವಿಷಯ ಇನ್ನೂ ಸೋಜಿಗ. ಭಾರತದಲ್ಲಿ ಗಾಂಜಾ ತಿಂದು ಜನ ಹುಚ್ಚರಾಗುತ್ತಿದ್ದಾರಂತೆ ಎಂಬ ಗುಲ್ಲು ಲಂಡನ್ನಿನ ಪಾರ್ಲಿಮೆಂಟಿನ ತನಕ ಹೋಗಿ, 1893ರ ಮಾರ್ಚ್‌ನಲ್ಲಿ ಡಬ್ಲ್ಯು. ಎಸ್. ಕೇನ್ ಎಂಬ ಸದಸ್ಯ ಪ್ರಶ್ನೆ ಎತ್ತಿದ. ಸರಕಾರ ಮ್ಯಾಕ್‌ವರ್ತ್ ಯಂಗ್ ಅಧ್ಯಕ್ಷತೆಯಲ್ಲಿ ಒಂದು ಆಯೋಗ ಕೂರಿಸಿತು. ಆಯೋಗ ಬ್ರಿಟಿಷ್ ಇಂಡಿಯಾದ ಉದ್ದಗಲ ತಿರುಗಿ 1193 ಸಾಕ್ಷಿಗಳನ್ನು ಕೇಳಿತು. ಹುಚ್ಚಾಸ್ಪತ್ರೆಗಳ ದಾಖಲೆ ಬಗೆದು ನೋಡಿದರೆ, ರೋಗಕ್ಕೆ ಕಾರಣ ಗೊತ್ತಿಲ್ಲದಾಗ ‘ಗಾಂಜಾ’ ಎಂದು ಬರೆದು ಕೈತೊಳೆದುಕೊಂಡ ಉದಾಹರಣೆಗಳೇ ಬೇಕಾದಷ್ಟು. 1894ರ ವರದಿ ಹೇಳಿದ್ದಿಷ್ಟು: ಮಿತವಾಗಿ ಬಳಸಿದರೆ ಹೇಳುವಂಥ ಕೇಡಿಲ್ಲ, ಪೂರ್ತಿ ನಿಷೇಧ ಬೇಕಿಲ್ಲ, ನಿಷೇಧಿಸಿದರೆ ಬಡವರು ಇನ್ನೂ ಕೆಟ್ಟದ್ದರ ಕಡೆ ತಿರುಗುತ್ತಾರೆ, ತೆರಿಗೆ ಹಾಕಿ ಹದ್ದುಬಸ್ತಿನಲ್ಲಿಡಿ. ಕೊನೆಯ ಮಾತು ಅವರಿಗೆ ಎಷ್ಟು ರುಚಿಸಿರಬೇಕು! ಹಾಗಂತ ವರದಿಯನ್ನು ಬರೀ ಲಾಭಕೋರರ ಕಾಗದ ಅಂತ ತಳ್ಳಿಹಾಕಲೂ ಆಗುವುದಿಲ್ಲ. ಸಾಕ್ಷಿ ಕೇಳಿ ತೀರ್ಮಾನಕ್ಕೆ ಬಂದ ಸರಕಾರಿ ವರದಿಗಳು ಈ ವಿಷಯದಲ್ಲಿ ಅದಕ್ಕೂ ಮೊದಲಿರಲಿಲ್ಲ, ಆಮೇಲೆ ಬಂದದ್ದೂ ಕಡಿಮೆ.

*

ಈಚಲಿಗೆ ಎರಡನೇ ಸಲ ಕೊಡಲಿ ಬಿದ್ದದ್ದು ರಾಜನಿಂದಲ್ಲ, ರಾಜನ ವಿರುದ್ಧ ನಿಂತವರಿಂದ. 1939ರಲ್ಲಿ ಚಿತ್ರದುರ್ಗದ ತುರುವನೂರಿನಲ್ಲಿ ಕಾಂಗ್ರೆಸ್ಸಿನವರು ಸರಕಾರದ ಈಚಲುವನಕ್ಕೆ ನುಗ್ಗಿ ಮರ ಕಡಿದು ಜೈಲಿಗೆ ಹೋದರು. ಅರಣ್ಯ ಸತ್ಯಾಗ್ರಹ ಅಂತ ಅದಕ್ಕೆ ಹೆಸರು, ಆದರೆ ಗುರಿ ಬೊಕ್ಕಸ. ಗಾಂಧಿಯ ಪಾನನಿಷೇಧವೂ ದಿವಾನರ ಅಬಕಾರಿ ವರಮಾನಕ್ಕೆ ಪೆಟ್ಟು ಕೊಡುವ ರಾಜಕೀಯವೂ ಒಂದೇ ಏಟಿನಲ್ಲಿ ಸೇರಿದ್ದವು. ಹಾಗೆ ಜೈಲಿಗೆ ಹೋದವರಲ್ಲಿ ಎಸ್. ನಿಜಲಿಂಗಪ್ಪ ಒಬ್ಬರು. ಸಂವಿಧಾನ ಬಂತು, 47ನೇ ವಿಧಿಯಲ್ಲಿ ಪಾನನಿಷೇಧದತ್ತ ಸರಕಾರಗಳು ಪ್ರಯತ್ನಿಸಬೇಕು ಎಂದು ಬರೆದದ್ದೂ ಆಯಿತು. ಮೈಸೂರು ರಾಜ್ಯದ ಹಲವು ಜಿಲ್ಲೆಗಳಲ್ಲಿ ಪಾನನಿಷೇಧ ಇತ್ತು, ಕಳ್ಳಭಟ್ಟಿಯೂ ಇತ್ತು. 1967ರಲ್ಲಿ ನಿಷೇಧ ತೆಗೆದರು. ಹೊಸ ಅಬಕಾರಿ ಕಾಯ್ದೆ ಆ ವರ್ಷದ ಅಕ್ಟೋಬರಿನಿಂದ ಜಾರಿಗೆ ಬಂತು. ಆಗ ಮುಖ್ಯಮಂತ್ರಿ ಎಸ್. ನಿಜಲಿಂಗಪ್ಪ.

ಅವರನ್ನು ಆಡಿಕೊಳ್ಳುವುದು ಸುಲಭ. ಟಿಪ್ಪುವಿಗೆ ಬೊಕ್ಕಸ ತುಂಬಲು ಕತ್ತಿಯಿತ್ತು, ಇವರಿಗೆ ಬಜೆಟ್ ಮಾತ್ರ ಇತ್ತು.

ಗಾಂಜಾಕ್ಕೆ ಬಾಗಿಲು ಮುಚ್ಚಿದ್ದು ಇನ್ನೂ ತಡವಾಗಿ. ಮಾದಕ ವಸ್ತುಗಳ ಕುರಿತ 1961ರ ಅಂತಾರಾಷ್ಟ್ರೀಯ ಒಡಂಬಡಿಕೆಗೆ ಭಾರತ ಸಹಿ ಹಾಕಿ, ಸಾಂಪ್ರದಾಯಿಕ ಬಳಕೆ ನಿಲ್ಲಿಸಲು ಇಪ್ಪತ್ತೈದು ವರ್ಷದ ವಾಯಿದೆ ಪಡೆದಿತ್ತು. ಆ ವಾಯಿದೆಯೊಳಗೇ, 1985ರ ನವೆಂಬರ್ 14ರಿಂದ ಎನ್‌ಡಿಪಿಎಸ್ ಕಾಯ್ದೆ ಜಾರಿಗೆ ಬಂತು. ಅದರ 35 ಮತ್ತು 54ನೇ ಕಲಮುಗಳನ್ನು ಓದಿದಾಗ ನನಗೆ ನೆನಪಾದದ್ದು ನಮ್ಮ ಕಡೆಯ ಗಾದೆ, ಈಚಲು ಮರದ ಕೆಳಗೆ ಕೂತು ಮಜ್ಜಿಗೆ ಕುಡಿದರೂ ಹೆಂಡ ಅನ್ನುತ್ತಾರೆ. ಬೇರೆ ಅಪರಾಧಗಳಲ್ಲಿ ಹೆಂಡ ಎಂದು ತಿಳಿದೇ ಕುಡಿದ ಎಂದು ರುಜುವಾತು ಮಾಡಬೇಕಾದದ್ದು ಸರಕಾರ. ಇಲ್ಲಿ ವಸ್ತು ನಿನ್ನ ಹತ್ತಿರ ಸಿಕ್ಕಿತು ಎಂದು ಅವರು ತೋರಿಸಿದರೆ ಮುಗಿಯಿತು, ಅದು ಹೆಂಡ ಎಂದು ಗೊತ್ತಿರಲಿಲ್ಲ ಅನ್ನುವುದನ್ನು ಸಾಬೀತು ಮಾಡುವುದು ನಿನ್ನ ಪಾಡು. ಗಾದೆ ಲೋಕದ ಅನ್ಯಾಯವನ್ನು ಹೇಳಿತ್ತು, ಕಾಯ್ದೆ ಅದನ್ನೇ ವಿಧಿ ಮಾಡಿತು. ಗಾಂಜಾ 20 ಕಿಲೋ ದಾಟಿತೆಂದರೆ ವಾಣಿಜ್ಯ ಪ್ರಮಾಣ. ಆಗ ಕನಿಷ್ಠ ಹತ್ತು ವರ್ಷ, 37ನೇ ಕಲಮಿನ ಕೆಳಗೆ ಜಾಮೀನು ಗಗನಕುಸುಮ. ಕಬ್ಬಿನ ಗದ್ದೆಯ ನಡುವೆ ನಾಲ್ಕು ಗಿಡ ಬೆಳೆದವನು ಸಿಕ್ಕಿ ಪತ್ರಿಕೆಯ ಜಿಲ್ಲಾ ಪುಟದಲ್ಲಿ ಗಿಡದ ಪಕ್ಕ ನಿಂತ ಫೋಟೋ ಬರುತ್ತದೆ. ಹಸಿ ಗಿಡವನ್ನು ಬೇರುಕಾಂಡದ ಸಮೇತ ತೂಗಿದರೇ, ಹೂತೆನೆ ಮಾತ್ರ ತೂಗಿದರೇ ಎಂಬ ಪ್ರಶ್ನೆಯ ಮೇಲೆ ಅವನ ಹತ್ತು ವರ್ಷ ನಿಂತಿರುತ್ತದೆ. ಕಾಯ್ದೆಯ ಪ್ರಕಾರ ಗಾಂಜಾ ಅಂದರೆ ಹೂವು ಕಾಯಿಯ ತೆನೆ. ತೆನೆ ಜೊತೆಗಿಲ್ಲದ ಬೀಜ, ಎಲೆ ಅದರೊಳಗೆ ಬರುವುದಿಲ್ಲ. ಭಂಗಿ ಎಲೆಯಿಂದ ಮಾಡುವಂಥದು, ಗಾಂಜಾ ಅಲ್ಲ ಎಂದು 2022ರ ಆಗಸ್ಟ್‌ನಲ್ಲಿ ನಮ್ಮ ಕರ್ನಾಟಕ ಹೈಕೋರ್ಟ್ ಒಂದು ಜಾಮೀನು ಅರ್ಜಿಯಲ್ಲಿ ಹೇಳಬೇಕಾಯಿತು. ಹಿತ್ತಲಿನ ಭಂಗಿ ಗಿಡವನ್ನೂ ಬಿಡದ ಸುಲ್ತಾನನಿಗೆ ಈ ವ್ಯತ್ಯಾಸ ಇರಲಿಲ್ಲ.

ತೆಂಗಿಗೂ ಒಂದು ದಿನ ಈಚಲಿನ ಗತಿ ಬಂತು. ಇಪ್ಪತ್ತನೇ ಶತಮಾನದ ಕೊನೆಗೆ ನುಸಿರೋಗ ಹತ್ತಿ ಕಾಯಿ ಸುರುಟಿ ಗಾತ್ರ ಕಳಕೊಂಡಿತು, ಬೆಲೆಯೂ ಹೋಯಿತು. ಕಾಯಿ ಇಲ್ಲದಿದ್ದರೆ ಹೊಂಬಾಳೆಯಿಂದ ನೀರಾ ಆದರೂ ಇಳಿಸುತ್ತೇವೆ ಎಂದು ರೈತರು ಮಡಕೆ ಕಟ್ಟಿದರು. ಅಬಕಾರಿ ಕಾನೂನಿನ ಕಣ್ಣಲ್ಲಿ ಬೆಳಗಿನ ನೀರಾಕ್ಕೂ ಮಧ್ಯಾಹ್ನದ ಸೇಂದಿಗೂ ಭೇದವಿರಲಿಲ್ಲ. ಮಂಡ್ಯ ಜಿಲ್ಲೆಗೆ ಅಂಟಿಕೊಂಡ ಚನ್ನಪಟ್ಟಣ ತಾಲ್ಲೂಕಿನ ವಿಠಲೇನಹಳ್ಳಿಯಲ್ಲಿ 2001ರ ಅಕ್ಟೋಬರಿನಲ್ಲಿ ಪೊಲೀಸರು ಗುಂಡು ಹಾರಿಸಿದರು, ಇಬ್ಬರು ರೈತರು ಸತ್ತರು. ಮುಖ್ಯಮಂತ್ರಿ ಮಂಡ್ಯ ಜಿಲ್ಲೆಯವರೇ ಆದ ಎಸ್. ಎಂ. ಕೃಷ್ಣ. ಮರದಿಂದ ಏನಿಳಿಸಬೇಕು ಎಂಬ ಪ್ರಶ್ನೆಗೆ ಟಿಪ್ಪುವಿನ ಆಮಿಲ ಮುಚ್ಚಳಿಕೆ ಬರೆಸಿಕೊಂಡಿದ್ದ. ಇಲ್ಲಿ ಹೆಣ ಬಿತ್ತು. ನೀರಾಕ್ಕೆ ಅಬಕಾರಿ ಕಾಯ್ದೆಯಲ್ಲಿ ದಾರಿ ಬಿಡಿಸಲು ಆಮೇಲೆ ಸುಮಾರು ಹದಿನೈದು ವರ್ಷ ಹಿಡಿಯಿತು.

ಸಾರಾಯಿಯ ಕಥೆ ಮುಗಿದದ್ದು 2007ರ ಜುಲೈ 1ಕ್ಕೆ. ಎಚ್. ಡಿ. ಕುಮಾರಸ್ವಾಮಿಯವರ ಸರಕಾರ. ಹಣಕಾಸು ಖಾತೆ ನೋಡಿಕೊಳ್ಳುತ್ತಿದ್ದವರು ಬಿ. ಎಸ್. ಯಡಿಯೂರಪ್ಪ, ಹುಟ್ಟಿದ್ದು ಕೃಷ್ಣರಾಜಪೇಟೆ ತಾಲ್ಲೂಕಿನ ಬೂಕನಕೆರೆಯಲ್ಲಿ. ಗಂಡಂದಿರ ಕೂಲಿಯೆಲ್ಲ ಪ್ಯಾಕೆಟ್ ಸಾರಾಯಿಗೆ ಹೋಗುವುದನ್ನು ನೋಡಿ ಸಾಕಾಗಿದ್ದ ಹೆಂಗಸರು ಆ ನಿರ್ಧಾರವನ್ನು ಮನಸಾರೆ ಹರಸಿದರು, ಅದರಲ್ಲಿ ಸುಳ್ಳಿಲ್ಲ. ಒಂದು ವರ್ಷ ತುಂಬುವುದರೊಳಗೆ, 2008ರ ಮೇ ತಿಂಗಳಲ್ಲಿ, ಬೆಂಗಳೂರಿನ ಸುತ್ತಮುತ್ತ ಮತ್ತು ಗಡಿಯಾಚೆ ಕಳ್ಳಸಾರಾಯಿ ಕುಡಿದು ನೂರಕ್ಕೂ ಹೆಚ್ಚು ಜನ ಸತ್ತರು. ಇನ್ನು ಬೊಕ್ಕಸ? ಅದು ಬಡವಾಗಲಿಲ್ಲ. ಪ್ಯಾಕೆಟ್ ಹೋದ ಜಾಗಕ್ಕೆ ಸಣ್ಣ ಬಾಟ್ಲಿ, ಕಾಗದದ ಡಬ್ಬಿ ಬಂದವು. ಟಿಪ್ಪು ನಿಷೇಧಿಸಿ ವರಮಾನ ಕಳಕೊಂಡಿದ್ದ. ನಿಷೇಧಿಸಿಯೂ ವರಮಾನ ಏರಿಸಿಕೊಳ್ಳುವ ವಿದ್ಯೆ ಅವನಿಗೆ ಗೊತ್ತಿರಲಿಲ್ಲ.

ಹೋದ ಬೇಸಗೆಯಲ್ಲಿ ನಾಗಮಂಗಲದಿಂದ ಕೃಷ್ಣರಾಜಪೇಟೆ ಕಡೆ ಹೋಗುವಾಗ ರಸ್ತೆ ಬದಿಯ ಹೊಲದ ಬದುವಿನಲ್ಲಿ ಒಂದು ಹಳೆಯ ಈಚಲು ಕಂಡಿತು. ಹಲ್ಲುಹಲ್ಲಾಗಿ ಏರಿತ್ತು. ಗಾಡಿ ನಿಲ್ಲಿಸಿ ಕೆಳಗಿನಿಂದ ಕಚ್ಚು ಎಣಿಸಲು ಶುರುಮಾಡಿದೆ. ಹದಿನಾಲ್ಕಕ್ಕೆ ಬಂದಿದ್ದೆ, ಅದರ ಮೇಲೆ ಇನ್ನಷ್ಟಿದ್ದವು, ಆಮೇಲಿನ ಕಾಂಡ ನೆಟ್ಟಗೆ. ಬದುವಿನ ಆಚೆ ರಾಗಿ ಹೊಲದಲ್ಲಿ ಎಮ್ಮೆ ಮೇಯಿಸುತ್ತಿದ್ದ ಮುದುಕರೊಬ್ಬರು ಟವೆಲು ಹೆಗಲಿಗೆ ಹಾಕಿಕೊಂಡು ಎದ್ದು ಬಂದರು. ನನ್ನನ್ನೂ ಮರವನ್ನೂ ಒಂದೆರಡು ಸಲ ನೋಡಿ ಕೇಳಿದರು:

“ಅಬ್ಕಾರಿಯವ್ರಾ ಸಾ?”

“ಅಲ್ಲ ಯಜಮಾನ್ರೇ.”

“ಹಂಗಾರೆ ಎಣುಸ್ಕಳಿ,” ಅಂದು ವಾಪಸು ಹೋಗಿ ಕೂತರು.